ಡೆಂಡ್ರೋಬಿಯಂ ಆರಿಸುವಾಗ ಮೊದಲು ನೋಡಬೇಕಾದದ್ದು ನಿಮ್ಮ ಚಳಿಗಾಲ

ಡೆಂಡ್ರೋಬಿಯಂ ಒಂದು ಆರ್ಕಿಡ್ ಕುಲ. ಆ ಹೆಸರಿನ ಒಂದೇ ಚೀಟಿ ಹೊತ್ತ ಎರಡು ಕುಂಡಗಳನ್ನು ಅಕ್ಕಪಕ್ಕ ಇಟ್ಟು, ಎರಡಕ್ಕೂ ಒಂದೇ ನೀರು, ಒಂದೇ ಗೊಬ್ಬರ ಕೊಟ್ಟು ನೋಡಿ. ಒಂದು ಗಿಡ ವರ್ಷಕ್ಕೆ ಎರಡು ಬಾರಿ ಹೂ ಬಿಟ್ಟೀತು. ಇನ್ನೊಂದು ದಷ್ಟಪುಷ್ಟವಾಗಿ ಬೆಳೆದೂ ಒಂದು ಮೊಗ್ಗನ್ನೂ ಕಾಣಿಸದೆ, ಕಾಂಡದ ತುಂಬ ಮರಿಗಿಡಗಳನ್ನಷ್ಟೇ ಹೊತ್ತು ನಿಲ್ಲಬಹುದು. ಇದರಲ್ಲಿ ಬೆಳೆಸಿದವರ ಕೈಗುಣದ ದೋಷವೇನೂ ಇಲ್ಲ. ಒಂದೇ ಹೆಸರಿನಡಿ ಇರುವ ಈ ಗಿಡಗಳ ಹುಟ್ಟೂರು ಬೇರೆ, ಅವು ಕಂಡ ಹವಾಮಾನ ಬೇರೆ, ಹೂವಿಗೆ ಬೇಕಾದ ಸೂಚನೆಯೂ ಬೇರೆ.

ಸ್ವೀಡನ್ನಿನ ಸಸ್ಯವಿಜ್ಞಾನಿ ಓಲೋಫ್ ಸ್ವಾರ್ಟ್ಜ್ 1799ರಲ್ಲಿ ಹೆಸರಿಟ್ಟ ಈ ಕುಲದಲ್ಲಿ 1,500ಕ್ಕೂ ಹೆಚ್ಚು ಪ್ರಭೇದಗಳಿವೆ. ಹಿಮಾಲಯದ ತಪ್ಪಲು, ಆಗ್ನೇಯ ಏಷ್ಯಾದ ಕಾಡು, ನ್ಯೂಗಿನಿಯ ಮಂಜು ಮುಸುಕಿದ ಬೆಟ್ಟ, ಆಸ್ಟ್ರೇಲಿಯಾದ ಬಂಡೆಗಲ್ಲು, ಹೀಗೆ ಒಂದಕ್ಕೊಂದು ಹೋಲಿಕೆಯೇ ಇಲ್ಲದ ಜಾಗಗಳಲ್ಲಿ ಇವು ಬೆಳೆಯುತ್ತವೆ. ಹೆಚ್ಚಿನವು ಮರದ ಮೇಲೆ ಬದುಕುವಂಥವು. ಆದರೆ ಬಂದಳಿಕೆಯಂತೆ ಮರದ ರಸ ಹೀರುವುದಿಲ್ಲ. ತೊಗಟೆಯನ್ನು ಆಸರೆಗೆ ಹಿಡಿದು, ಮಳೆ ಮತ್ತು ಇಬ್ಬನಿಯ ನೀರನ್ನು ಬೇರಿನ ಬಿಳಿಯ ಹೊದಿಕೆಯಿಂದ ಹೀರಿ, ಅದನ್ನು ದಪ್ಪ ಕಾಂಡದಲ್ಲಿ ಕೂಡಿಟ್ಟುಕೊಳ್ಳುತ್ತವೆ. ಈ ಕಾಂಡವೇ ಡೆಂಡ್ರೋಬಿಯಂನ ಉಗ್ರಾಣ. ಬೇಸಗೆಯಲ್ಲಿ ತುಂಬಿಸಿ ಚಳಿಗಾಲದಲ್ಲಿ ಖರ್ಚು ಮಾಡುವ ರೀತಿ ಗುಂಪಿನಿಂದ ಗುಂಪಿಗೆ ಬದಲಾಗುತ್ತದೆ. ಆಯ್ಕೆಯ ಕೀಲಿ ಅಲ್ಲೇ ಇದೆ.

ಕೊಳ್ಳುವಾಗ ಎಲ್ಲರ ಕಣ್ಣು ಹೂವಿನ ಮೇಲೆ ಬೀಳುತ್ತದೆ. ಆ ಹೂವು ಕಳೆದ ಒಂದು ವರ್ಷ ಬೆಳೆಗಾರರ ಹಸಿರುಮನೆಯಲ್ಲಿ ಗಿಡಕ್ಕೆ ಸಿಕ್ಕ ಆರೈಕೆಯ ಫಲ. ಮುಂದಿನ ವರ್ಷದ ಹೂವನ್ನು ತೀರ್ಮಾನಿಸುವುದು ನಿಮ್ಮ ಜಾಗದ ರಾತ್ರಿ ಮತ್ತು ನಿಮ್ಮ ಜಾಗದ ಬೆಳಕು. ಹಾಗಾಗಿ ಗಿಡ ತರುವ ಮುಂಚೆ ಇವೆರಡನ್ನು ಅಳೆದುಕೊಳ್ಳಿ.

ಅಳೆಯುವುದು ಹೇಗೆ

ದಿನದ ಅತಿ ಕಡಿಮೆ ಮತ್ತು ಅತಿ ಹೆಚ್ಚು ತಾಪಮಾನವನ್ನು ದಾಖಲಿಸುವ ಥರ್ಮಾಮೀಟರ್ ಒಂದನ್ನು ಗಿಡ ಇಡಬೇಕೆಂದಿರುವ ಜಾಗದಲ್ಲೇ ತೂಗುಹಾಕಿ. ಹವಾಮಾನ ವರದಿಯ ಅಂಕಿ ಇಲ್ಲಿ ನೆರವಾಗದು. ಕಾಂಕ್ರೀಟ್ ಗೋಡೆಯ ಪಕ್ಕದ ಬಾಲ್ಕನಿ ತೆರೆದ ಅಂಗಳಕ್ಕಿಂತ ಎರಡು ಮೂರು ಡಿಗ್ರಿ ಬೆಚ್ಚಗಿರುವುದು ಸಾಮಾನ್ಯ. ವರ್ಷದ ಅತಿ ತಂಪಾದ ಒಂದೂವರೆ ತಿಂಗಳಲ್ಲಿ ರಾತ್ರಿ ಎಷ್ಟಕ್ಕೆ ಇಳಿಯುತ್ತದೆ ಎಂಬುದನ್ನು ಬರೆದಿಟ್ಟುಕೊಳ್ಳಿ. ಮುಂದೆ ಹೇಳುವುದೆಲ್ಲ ಆ ಒಂದು ಅಂಕಿಯ ಮೇಲೆ ನಿಂತಿದೆ.

ಬೆಳಕಿಗೆ ಉಪಕರಣ ಬೇಕಿಲ್ಲ. ಬಿಸಿಲಿರುವ ದಿನ ನಡುಹಗಲಿನಲ್ಲಿ, ಎಲೆ ಇರಬೇಕಾದ ಮಟ್ಟದಿಂದ ಒಂದು ಅಡಿ ಮೇಲೆ ಅಂಗೈ ಹಿಡಿಯಿರಿ. ಅಂಚು ಮಸುಕಾದ, ಆದರೆ ಬೆರಳುಗಳನ್ನು ಗುರುತಿಸಬಹುದಾದ ನೆರಳು ಬಿದ್ದರೆ ಹೆಚ್ಚಿನ ಡೆಂಡ್ರೋಬಿಯಂಗಳಿಗೆ ಸಾಕಷ್ಟು ಬೆಳಕಿದೆ. ನೆರಳೇ ಬೀಳದಿದ್ದರೆ ಅದು ಡೆಂಡ್ರೋಬಿಯಂ ಜಾಗವಲ್ಲ. ಚೂಪಾದ ಕಪ್ಪು ನೆರಳು ಬಿದ್ದರೆ ಶೇಕಡ 50ರ ಶೇಡ್ ನೆಟ್ ಬೇಕು. ಬೆಳಕಿನ ಅಳತೆಯಾದ ಲಕ್ಸ್ ಲೆಕ್ಕದಲ್ಲಿ ಹೇಳುವುದಾದರೆ 20,000ದಿಂದ 40,000 ಈ ಕುಲದ ಬಹುಪಾಲು ಗಿಡಗಳಿಗೆ ಹಿಡಿಸುತ್ತದೆ.

ನೊಬೈಲ್ ಬಗೆ, ಫೆಲನಾಪ್ಸಿಸ್ ಬಗೆ

ಮಾರುಕಟ್ಟೆಯಲ್ಲಿ ಸಿಗುವ ಡೆಂಡ್ರೋಬಿಯಂಗಳಲ್ಲಿ ಬಹುಪಾಲು ಈ ಎರಡರಲ್ಲಿ ಒಂದು. ಎರಡನೆಯದರ ಹೆಸರು ಕೇಳಿ ಫೆಲನಾಪ್ಸಿಸ್ ಎಂಬ ಬೇರೆಯದೇ ಆರ್ಕಿಡ್ ಕುಲದೊಂದಿಗೆ ಗೊಂದಲ ಮಾಡಿಕೊಳ್ಳಬೇಡಿ. ಹೂವಿನ ಆಕಾರದ ಹೋಲಿಕೆಯಿಂದ ಬಂದ ಹೆಸರದು, ಅಷ್ಟೇ.

ಹೂವಿಲ್ಲದಾಗಲೂ ಇವನ್ನು ಬೇರ್ಪಡಿಸಬಹುದು. ನೊಬೈಲ್ ಬಗೆಯ ಕಾಂಡ ಕಬ್ಬಿನ ಹಾಗೆ ಗೆಣ್ಣು ಗೆಣ್ಣಾಗಿ ಉಬ್ಬಿರುತ್ತದೆ. ಮೆತ್ತನೆಯ ಎಲೆಗಳು ಬುಡದಿಂದ ತುದಿಯವರೆಗೆ ಎರಡು ಸಾಲಾಗಿ ಬರುತ್ತವೆ, ಒಂದೆರಡು ವರ್ಷದಲ್ಲಿ ಉದುರುತ್ತವೆ. ಹೂವು ಕಾಂಡದ ಉದ್ದಕ್ಕೂ ಗೆಣ್ಣುಗಳಿಂದಲೇ ಎರಡು ಮೂರರ ಗೊಂಚಲಾಗಿ ಹೊರಡುತ್ತದೆ. ಫೆಲನಾಪ್ಸಿಸ್ ಬಗೆಯ ಕಾಂಡ ಬುಡದಲ್ಲಿ ಸಣ್ಣ, ನಡುವಲ್ಲಿ ದಪ್ಪ, ಗಟ್ಟಿ. ಚರ್ಮದಂಥ ಬಿರುಸಾದ ಎಲೆಗಳು ಹೆಚ್ಚಾಗಿ ಮೇಲ್ಭಾಗದಲ್ಲಿರುತ್ತವೆ. ತುದಿಯ ಹತ್ತಿರದಿಂದ ಉದ್ದನೆಯ ಹೂದಂಟು ಚಾಚಿ, ಅದರಲ್ಲಿ ಹೂಗಳು ಸಾಲಾಗಿ ಅರಳುತ್ತವೆ. ಹೂಗುಚ್ಛಗಳಲ್ಲಿ ಕಾಣುವ ನೇರಳೆ-ಬಿಳಿ ದಂಟು ಇದೇ ಬಗೆಯದು. ಥಾಯ್ಲೆಂಡ್ ರಫ್ತು ಮಾಡುವ ಕತ್ತರಿಸಿದ ಹೂಗಳಲ್ಲಿ ಸೋನಿಯಾ ಎಂಬ ಮಿಶ್ರತಳಿ ಬಲು ಹೆಸರುವಾಸಿ.

ನೊಬೈಲ್ ಹಿಮಾಲಯದಿಂದ ದಕ್ಷಿಣ ಚೀನಾ, ಇಂಡೋಚೀನಾವರೆಗೆ ಬೆಳೆಯುವ ಗಿಡ. ಸಿಕ್ಕಿಂನ ರಾಜ್ಯಪುಷ್ಪ. ಅಲ್ಲಿ ಮಳೆಗಾಲದುದ್ದಕ್ಕೂ ನೀರು ಧಾರಾಳ, ಆಮೇಲೆ ಬರುವುದು ಒಣ, ತಂಪು, ಬೆಳಕು ತುಂಬಿದ ಚಳಿಗಾಲ. ಈ ಸರದಿಯೇ ಅದರ ಹೂವಿನ ಕಾರಣ. ಫೆಲನಾಪ್ಸಿಸ್ ಬಗೆಯ ಮುಖ್ಯ ಪೂರ್ವಜ ಬಿಗಿಬ್ಬಂ ಉತ್ತರ ಆಸ್ಟ್ರೇಲಿಯಾದ ಕೇಪ್ ಯಾರ್ಕ್ ಕಡೆಯದು. ಕುಕ್‌ಟೌನ್ ಆರ್ಕಿಡ್ ಎಂದು ಕರೆಸಿಕೊಳ್ಳುವ ಅದು 1959ರಿಂದ ಕ್ವೀನ್ಸ್‌ಲ್ಯಾಂಡ್‌ನ ಲಾಂಛನ ಪುಷ್ಪ. ಅಲ್ಲಿ ಚಳಿಗಾಲ ಒಣಗಿರುತ್ತದೆ, ಆದರೆ ಬೆಚ್ಚಗಿರುತ್ತದೆ.

ನಿಮ್ಮ ಅತಿ ತಂಪಾದ ರಾತ್ರಿಗಳು 10ರಿಂದ 13 ಡಿಗ್ರಿ ಸೆಲ್ಸಿಯಸ್‌ಗೆ ಇಳಿದು ನಾಲ್ಕರಿಂದ ಆರು ವಾರ ಅಲ್ಲೇ ನಿಲ್ಲುವುದಾದರೆ ನೊಬೈಲ್ ತನ್ನಿ. ರಾತ್ರಿ 18ಕ್ಕಿಂತ ಕೆಳಗೆ ಇಳಿಯುವುದೇ ಇಲ್ಲವೆಂದಾದರೆ ಅದನ್ನು ತರಬೇಡಿ, ಹೂವು ಎಷ್ಟೇ ಚೆಂದವಿರಲಿ. ಅಂಥಲ್ಲಿ ಫೆಲನಾಪ್ಸಿಸ್ ಬಗೆ ಒಳ್ಳೆಯದು: ರಾತ್ರಿ 16ಕ್ಕಿಂತ ಮೇಲಿದ್ದು ಹಗಲು 25ರಿಂದ 32ರ ನಡುವೆ ಇದ್ದರೆ ಅದು ಸುಖವಾಗಿರುತ್ತದೆ. 12ಕ್ಕಿಂತ ಕೆಳಗಿನ ರಾತ್ರಿಗಳು ಸತತವಾಗಿ ಬಂದರೆ, ಅದರಲ್ಲೂ ಬೇರು ಒದ್ದೆಯಾಗಿದ್ದರೆ, ಎಲೆ ಹಳದಿಯಾಗಿ ಒಂದರ ಹಿಂದೊಂದು ಉದುರುತ್ತವೆ. 14ರಿಂದ 17ರ ನಡುವಿನವರಿಗೆ ಎರಡೂ ಸಾಧ್ಯ, ಎರಡರಲ್ಲೂ ಸ್ವಲ್ಪ ಎಚ್ಚರ ಬೇಕು. ಜಪಾನಿನ ಒಕಾಯಾಮಾದಲ್ಲಿ ಜಿರೋ ಯಾಮಾಮೊಟೊ ಬೆಳೆಸಿದ ನೊಬೈಲ್ ಮಿಶ್ರತಳಿಗಳು ಮೂಲ ಪ್ರಭೇದಕ್ಕಿಂತ ಉದಾರ ಸ್ವಭಾವದವು. 14 ಡಿಗ್ರಿಯ ಆಸುಪಾಸಿನಲ್ಲಿ ಒಂದು ತಿಂಗಳು ಸಿಕ್ಕರೂ ಹೂ ಕೊಡುತ್ತವೆ. ಅಂಥ ಜಾಗಕ್ಕೆ ನೊಬೈಲ್ ಬೇಕೇ ಬೇಕೆನಿಸಿದರೆ ಅವನ್ನು ಹುಡುಕಿ.

ನೊಬೈಲ್ ಹೂ ಬಿಡದಿರಲು ಚಳಿಯ ಕೊರತೆಗಿಂತಲೂ ಹೆಚ್ಚು ಬಾರಿ ಕಾಣುವ ಕಾರಣ ತಡವಾಗಿ ಹಾಕಿದ ಸಾರಜನಕ. ಇದನ್ನು ಬಿಡಿಸಿ ಹೇಳಬೇಕು. ಕಾಂಡದ ಪ್ರತಿ ಗೆಣ್ಣಿನಲ್ಲೂ ಒಂದು ಮೊಳಕೆ ಮಲಗಿರುತ್ತದೆ. ಅದು ಹೂವೂ ಆಗಬಹುದು, ಮರಿಗಿಡವೂ ಆಗಬಹುದು. ಬೆಳವಣಿಗೆ ಮುಗಿದ ಮೇಲೂ ಸಾರಜನಕ ಮತ್ತು ನೀರು ಬರುತ್ತಲೇ ಇದ್ದರೆ ಗೆಣ್ಣಿನ ಮೊಳಕೆ ಎಲೆಯ ದಾರಿ ಹಿಡಿಯುತ್ತದೆ. ಹಾಗಾದರೆ ಗೊಬ್ಬರ ನಿಲ್ಲಿಸುವುದು ಯಾವಾಗ? ತಿಂಗಳ ಲೆಕ್ಕ ಬೇಡ, ಗಿಡವೇ ಹೇಳುತ್ತದೆ. ಹೊಸ ಕಾಂಡದ ತುದಿಯಲ್ಲಿ ಉಳಿದವಕ್ಕಿಂತ ಚಿಕ್ಕದಾದ, ಒಂಟಿಯಾದ ಕೊನೆಯ ಎಲೆ ಬಿಡಿಸಿಕೊಂಡು ಅದರ ಮಡಿಲಿನಿಂದ ಇನ್ನೊಂದು ಎಲೆ ಬಾರದಿದ್ದರೆ ಕಾಂಡದ ಉದ್ದ ಮುಗಿಯಿತು ಎಂದರ್ಥ. ಅಂದಿನಿಂದ ಸಾರಜನಕ ಬೇಡ. ಬೇಕಿದ್ದರೆ ಒಂದು ತಿಂಗಳು ರಂಜಕ-ಪೊಟ್ಯಾಶ್ ಮಾತ್ರದ ಗೊಬ್ಬರವನ್ನು ಲೀಟರಿಗೆ ಅರ್ಧ ಗ್ರಾಂನಂತೆ ಕೊಟ್ಟು ಅದನ್ನೂ ನಿಲ್ಲಿಸಿ. ಕಾಂಡ ಈಗ ಉದ್ದವಾಗದೆ ದಪ್ಪವಾಗುತ್ತದೆ, ಬಣ್ಣ ಹಸಿರಿನಿಂದ ತುಸು ಹಳದಿಗೆ ತಿರುಗುತ್ತದೆ. ತಂಪು ಶುರುವಾದ ಮೇಲೆ ಹತ್ತು ಹದಿನೈದು ದಿನಕ್ಕೊಮ್ಮೆ, ಬೆಳಗ್ಗೆ, ಬೇರು ತೋಯುವಷ್ಟು ನೀರು ಸಾಕು. ಕಾಂಡದ ಮೇಲೆ ಉದ್ದುದ್ದ ಸಣ್ಣ ಗೆರೆ ಮೂಡಿದರೆ ಹೆದರಬೇಡಿ. ಬೆರಳಿಗೆ ಮೆತ್ತಗೆನಿಸುವಷ್ಟು ಸುಕ್ಕಿದರೆ ಮಾತ್ರ ಒಮ್ಮೆ ಹೆಚ್ಚು ನೀರು ಕೊಡಿ.

ಚಳಿಗಾಲದ ಕೊನೆಗೆ ಗೆಣ್ಣು ಉಬ್ಬಿದಾಗ ಅದು ಮೊಗ್ಗೋ ಮರಿಯೋ ಎಂದು ತಿಳಿಯುವುದು ಮುಖ್ಯ. ಮೊಗ್ಗಾದರೆ ಉಬ್ಬು ದುಂಡಗಿದ್ದು, ಸ್ವಲ್ಪ ದಿನದಲ್ಲಿ ಎರಡು ಮೂರು ಗುಂಡಿಗಳಾಗಿ ಒಡೆಯುತ್ತದೆ. ಮರಿಯಾದರೆ ಚಪ್ಪಟೆಯಾಗಿ ಚೂಪಾಗಿದ್ದು ತುದಿಯಲ್ಲಿ ಎರಡು ಎಲೆಗಳು ಎದುರುಬದುರು ತೆರೆಯುತ್ತವೆ, ಆಮೇಲೆ ಬುಡದಿಂದ ಬೇರು ಇಣುಕುತ್ತದೆ. ಗೆಣ್ಣು ಉಬ್ಬಿದ ಕೂಡಲೇ ಸಂತೋಷಕ್ಕೆ ನೀರು ಸುರಿಯುವವರು ಹೂವನ್ನು ಕಳೆದುಕೊಳ್ಳುತ್ತಾರೆ. ಮೊಗ್ಗುಗಳು ಬಿಡಿಬಿಡಿಯಾಗಿ ಕಾಣುವವರೆಗೆ ಒಣಗಿಯೇ ಇರಲಿ, ಆಮೇಲೆ ನಿಧಾನವಾಗಿ ನೀರು ಹೆಚ್ಚಿಸಿ. ಹೂವು ತಂಪಿನಲ್ಲಿದ್ದರೆ ಮೂರರಿಂದ ಆರು ವಾರ ನಿಲ್ಲುತ್ತದೆ.

ಫೆಲನಾಪ್ಸಿಸ್ ಬಗೆಗೆ ಇಷ್ಟೆಲ್ಲ ಶಿಸ್ತು ಬೇಕಿಲ್ಲ. ಬೆಳೆಯುವಾಗ ನೀರು ಧಾರಾಳ, ವಾರಕ್ಕೊಮ್ಮೆ ಸಾರಜನಕ, ರಂಜಕ, ಪೊಟ್ಯಾಶ್ ಸಮವಾಗಿರುವ 20-20-20 ಗೊಬ್ಬರ ಲೀಟರಿಗೆ ಅರ್ಧದಿಂದ ಒಂದು ಗ್ರಾಂ, ತಿಂಗಳಿಗೊಮ್ಮೆ ಬರೀ ನೀರಿನಿಂದ ಕುಂಡ ತೊಳೆಯುವುದು. ಕಾಂಡ ಬಲಿತ ಮೇಲೆ ನೀರು ಮೂರನೇ ಒಂದು ಭಾಗದಷ್ಟು ಕಡಿಮೆ ಮಾಡಿ, ಪೂರ್ತಿ ನಿಲ್ಲಿಸಬೇಡಿ. ಹೂವು ಆರರಿಂದ ಎಂಟು ವಾರ ಇರುತ್ತದೆ. ಒಂದೇ ಕಾಂಡ ಮುಂದಿನ ವರ್ಷವೂ ಹೂದಂಟು ಕೊಡಬಲ್ಲದು. ಇದಕ್ಕೆ ಬೇಕಾದ ಒಂದೇ ದುಬಾರಿ ವಸ್ತು ಬೆಳಕು. ಎಲೆ ಕಡು ಹಸಿರಾಗಿ ಹೊಳೆಯುತ್ತಿದ್ದರೆ ಗಿಡ ಚೆನ್ನಾಗಿದೆ ಎಂದುಕೊಳ್ಳುವುದು ಸಹಜ, ಆದರೆ ಅದು ಬೆಳಕಿನ ಬಡತನ. ಎಳೆ ಹುಲ್ಲಿನ ಹಸಿರು ಸರಿಯಾದ ಬಣ್ಣ. ಅಂಚಿನಲ್ಲಿ ಕೆಂಪು ಛಾಯೆ ಬಂದರೆ ಮಿತಿ ತಲುಪಿದೆ.

ಎರಡರಲ್ಲೂ ಎಲೆ ಉದುರಿದ ಹಳೆಯ ಕಾಂಡ ಸತ್ತಿಲ್ಲ. ಅದನ್ನು ಕತ್ತರಿಸಿ ಎಸೆಯುವುದು ಹೊಸಬರು ಮಾಡುವ ಅತಿ ದೊಡ್ಡ ನಷ್ಟದ ಕೆಲಸ. ನೊಬೈಲ್‌ನಲ್ಲಿ ಹೂವು ಬರುವುದೇ ಹೆಚ್ಚಾಗಿ ಅಂಥ ಬೋಳು ಕಾಂಡಗಳಲ್ಲಿ. ಕಂದಾಗಿ ಒಣಗಿ ಟೊಳ್ಳಾದದ್ದನ್ನಷ್ಟೇ ತೆಗೆಯಿರಿ.

ಚಿನ್ನದ ಗೊಂಚಲಿನವು

ಡೆಂಡ್ರೋಬಿಯಂ ಕುಲದ ಕಲಿಸ್ಟಾ ಎಂಬ ವಿಭಾಗದ ಲಿಂಡ್ಲೇಯಿ, ಕ್ರೈಸೋಟಾಕ್ಸಂ, ಥೈರ್ಸಿಫ್ಲೋರಂ, ಡೆನ್ಸಿಫ್ಲೋರಂ, ಫಾರ್ಮೆರಿ ಗಿಡಗಳ ಜೋಲುಗೊಂಚಲು ಕಂಡವರು ಮರೆಯುವುದಿಲ್ಲ. ಹಳದಿ, ಇಲ್ಲವೇ ಬಿಳಿಗೆ ಹಳದಿ ತುಟಿ (ಉಳಿದವಕ್ಕಿಂತ ಬೇರೆ ಆಕಾರದ ಪಕಳೆ), ಒಂದೊಂದು ಗೊಂಚಲಲ್ಲಿ ಹತ್ತಾರು ಹೂವು. ಆದರೆ ಒಂದು ವಾರ, ಬಹಳವೆಂದರೆ ಹತ್ತು ದಿನ. ವರ್ಷವಿಡೀ ಕಾದು ಒಂದು ವಾರದ ಹೂವು ನೋಡುವುದು ಸಾಲದು ಎನ್ನುವವರು ಇವನ್ನು ತರದಿರುವುದೇ ಒಳ್ಳೆಯದು. ನಮ್ಮ ಅಭಿಪ್ರಾಯದಲ್ಲಿ ಆ ಒಂದು ವಾರಕ್ಕೆ ಬೆಲೆಯಿದೆ.

ಆರೈಕೆ ನೊಬೈಲ್‌ಗೆ ಹತ್ತಿರ, ಆದರೆ ಎರಡು ವ್ಯತ್ಯಾಸ. ಇವು ಚಳಿಗಾಲದಲ್ಲಿ ಎಲೆ ಉಳಿಸಿಕೊಳ್ಳಬೇಕು. ಎಲೆ ಉದುರುತ್ತಿದ್ದರೆ ಒಣಗಿಸಿದ್ದು ಹೆಚ್ಚಾಯಿತು. ಮತ್ತೆ, ಹೂವಿಗೆ ಚಳಿಗಿಂತ ಒಣಹವೆ ಮುಖ್ಯ. ಲಿಂಡ್ಲೇಯಿ ಮತ್ತು ಕ್ರೈಸೋಟಾಕ್ಸಂ, ರಾತ್ರಿ 15-16 ಡಿಗ್ರಿಗಷ್ಟೇ ಇಳಿದರೂ ಎರಡು ಮೂರು ತಿಂಗಳು ನೀರು ಬಿಗಿಹಿಡಿದರೆ ಹೂ ಬಿಡುತ್ತವೆ. ಹಾಗಾಗಿ ಬೆಚ್ಚಗಿನ, ಆದರೆ ಸ್ಪಷ್ಟವಾದ ಒಣಕಾಲವಿರುವ ಜಾಗದವರಿಗೆ ನೊಬೈಲ್‌ಗೆ ಬದಲಿಯಾಗಿ ಲಿಂಡ್ಲೇಯಿ ಸಲಹೆ ಮಾಡಬಹುದು. ಅದನ್ನು ಕುಂಡದಲ್ಲಿ ಹೂಳಬೇಡಿ, ಮರದ ತುಂಡಿಗೆ ಕಟ್ಟಿ. ಪುಟ್ಟ ಗಡ್ಡೆಯಂಥ ಕಾಂಡಗಳು ಚಾಪೆಯಂತೆ ಹರಡಿಕೊಂಡು, ಬುಡಕ್ಕೆ ಗಾಳಿಯಾಡಿದರಷ್ಟೇ ಅದು ದಶಕಗಟ್ಟಲೆ ಬಾಳುತ್ತದೆ. ಡೆನ್ಸಿಫ್ಲೋರಂ ಮತ್ತು ಥೈರ್ಸಿಫ್ಲೋರಂ ಮಾತ್ರ ತಂಪು ಬೇಡುವಂಥವು, ನೊಬೈಲ್ ಒಲ್ಲದ ಜಾಗವನ್ನು ಇವೂ ಒಲ್ಲವು.

ಜೋಲುವ ಕಾಂಡದವು

ಅನೋಸ್ಮಂ, ಅಫಿಲಂ, ಪ್ಯಾರಿಶೈ, ಲೊಡ್ಡಿಗೆಸೈ ಇವುಗಳ ಕಾಂಡ ಸೊರಗಿದಂತೆ ಕೆಳಗೆ ಜೋಲುತ್ತದೆ. ಕೋಲು ಕಟ್ಟಿ ನೆಟ್ಟಗೆ ನಿಲ್ಲಿಸುವುದು ಬೇಡ. ಇವಕ್ಕೆ ತೂಗುಬುಟ್ಟಿ ಅಥವಾ ಮರದ ಹಲಗೆ ಬೇಕು, ಕೆಳಗೆ ಜಾಗ ಬೇಕು. ಅನೋಸ್ಮಂನ ಕಾಂಡ ಒಂದು ಮೀಟರ್ ದಾಟುವುದು ಸಾಮಾನ್ಯ. ಚಳಿಗಾಲದಲ್ಲಿ ಎಲೆ ಪೂರ್ತಿ ಉದುರಿ ಒಣಕಡ್ಡಿಯಂತಾಗುತ್ತದೆ, ಆಗ ನೀರು ನಿಲ್ಲಿಸಲೇಬೇಕು. ಎರಡು ವಾರಕ್ಕೊಮ್ಮೆ ಬೆಳಗಿನ ಸಿಂಪಡಣೆ ಸಾಕು. ಇವುಗಳಲ್ಲಿ ಅನೋಸ್ಮಂ ಬೆಚ್ಚಗಿನ ರಾತ್ರಿಗಳಲ್ಲೂ ಒಣಗಿಸುವುದೊಂದರಿಂದಲೇ ಹೂ ಬಿಡುತ್ತದೆ, ಅದರ ಹಣ್ಣಿನಂಥ ಘಮಲು ಕೋಣೆ ತುಂಬುತ್ತದೆ. ಬೆಚ್ಚಗಿನ ಊರಿನಲ್ಲಿ ಎಲೆ ಉದುರಿಸುವ ಡೆಂಡ್ರೋಬಿಯಂ ಬೇಕೆಂದರೆ ಇದೇ ಸರಿ. ಬೇಸಗೆಯಲ್ಲಿ ಹಲಗೆಗೆ ಕಟ್ಟಿದ ಗಿಡಕ್ಕೆ ದಿನವೂ ನೀರು ಹನಿಸಬೇಕು. ಆ ಬಿಡುವಿಲ್ಲದವರು ಹಲಗೆ ಬಿಟ್ಟು ಬುಟ್ಟಿ ಆರಿಸಿಕೊಳ್ಳಿ.

ಚಳಿ ಬೇಡ, ಒಣಗಿಸುವುದೂ ಬೇಡ

ವಿಶ್ರಾಂತಿಯ ಲೆಕ್ಕಾಚಾರವೇ ಬೇಡವೆನ್ನುವವರಿಗೆ ನ್ಯೂಗಿನಿ ಕಡೆಯ ಎರಡು ಗುಂಪುಗಳಿವೆ.

ಜಿಂಕೆಯ ಕೊಂಬಿನಂತೆ ಪಕಳೆಗಳು ತಿರುಚಿ ಮೇಲೆದ್ದಿರುವ ಆಂಟೆನ್ನಾಟಂ, ಸ್ಟ್ರಾಟಿಯೋಟಿಸ್, ಲಿನಿಯಾಲೆ, ಡಿಸ್‌ಕಲರ್ ಮೊದಲಾದವು ಒಂದು ಗುಂಪು. ಬಿಸಿಲು, ಸೆಕೆ, ನೀರು, ಗೊಬ್ಬರ ಎಲ್ಲವನ್ನೂ ಹೆಚ್ಚು ಕೇಳುತ್ತವೆ, ಬದಲಿಗೆ ಎರಡು ಮೂರು ತಿಂಗಳು ಬಾಡದ ಹೂವು ಕೊಡುತ್ತವೆ. ಕೊಳ್ಳುವಾಗ ಎತ್ತರ ಕೇಳಿ. ಡಿಸ್‌ಕಲರ್ ಆಳೆತ್ತರ ಮೀರಿ ಬೆಳೆಯುವ ಗಿಡ, ಬಾಲ್ಕನಿಯ ಮಾತಲ್ಲ. ಆಂಟೆನ್ನಾಟಂ ಗಿಡವೂ, ಈ ಗುಂಪನ್ನು ಫೆಲನಾಪ್ಸಿಸ್ ಬಗೆಯ ಜೊತೆ ಬೆರೆಸಿದ ಮಿಶ್ರತಳಿಗಳೂ ಹಿಡಿತದಲ್ಲಿರುತ್ತವೆ.

ಲಟೂರಿಯಾ ಗುಂಪಿನ ಅಟ್ರೋವಯೊಲೇಸಿಯಂ, ಜಾನ್ಸೋನಿಯೆ, ಅಲೆಕ್ಸಾಂಡ್ರೆ ಇವು ಮಧ್ಯಮ ಹವೆಯವರಿಗೆ ನಮ್ಮ ಮೊದಲ ಸಲಹೆ. ರಾತ್ರಿ 13ರಿಂದ 18, ಹಗಲು 28ರ ಒಳಗೆ. ಇವಕ್ಕೆ ಫೆಲನಾಪ್ಸಿಸ್ ಬಗೆಗಿಂತ ಕಡಿಮೆ ಬೆಳಕು ಸಾಕಾಗುವುದರಿಂದ ಬೆಳಗಿನ ಬಿಸಿಲು ಬೀಳುವ ಕಿಟಕಿಯಲ್ಲೂ ಬೆಳೆಯುತ್ತವೆ. ಗಿಡ ಗಿಡ್ಡ, ತುದಿಯಲ್ಲಿ ಎರಡರಿಂದ ನಾಲ್ಕು ದಪ್ಪ ಎಲೆ, ಕೆನೆಬಣ್ಣಕ್ಕೆ ನೇರಳೆ ಚುಕ್ಕಿ ಚೆಲ್ಲಿದ ಹೂವು ಎರಡು ಮೂರು ತಿಂಗಳು ಇರುತ್ತದೆ. ಅಟ್ರೋವಯೊಲೇಸಿಯಂನ ಹೂವು ಕೆಳಮುಖ ಮಾಡಿರುತ್ತದೆ, ಆದ್ದರಿಂದ ಕಣ್ಣಿನ ಮಟ್ಟಕ್ಕೆ ತೂಗುಹಾಕಿದರೆ ಅಂದ ಕಾಣುತ್ತದೆ. ಚಳಿಗಾಲದಲ್ಲಿ ನೀರು ಸ್ವಲ್ಪ ಕಡಿಮೆ, ಅಷ್ಟೇ. ನೊಬೈಲ್‌ನಂತೆ ಒಣಗಿಸಿದರೆ ಕಾಂಡ ಸುಕ್ಕಿ ಮುಂದಿನ ಚಿಗುರು ಬಡವಾಗುತ್ತದೆ. ಬೇರು ಕೆದಕಿದರೆ ಮುನಿಯುತ್ತವೆ, ಕುಂಡ ಬದಲಿಸುವುದು ತೀರಾ ಅಗತ್ಯವಿದ್ದಾಗ ಮಾತ್ರ.

ಉಳಿದವು

ಫಾರ್ಮೋಸೆ ಗುಂಪನ್ನು ಕಾಂಡದ ಮೇಲಿನ ಕಪ್ಪು ರೋಮದಿಂದ ಗುರುತಿಸಬಹುದು. ಫಾರ್ಮೋಸಂ, ಇನ್‌ಫಂಡಿಬ್ಯುಲಂ, ಬೆಲ್ಲಾಟುಲಂ ಇದರಲ್ಲಿವೆ. ದೊಡ್ಡ ಬಿಳಿಯ ಹೂವು, ಒಂದೂವರೆ ತಿಂಗಳ ಬಾಳಿಕೆ, ಮತ್ತು ಎಲ್ಲಕ್ಕಿಂತ ಬೇಗ ಕೊಳೆಯುವ ಬುಡ. ಗಡಸು ನೀರು, ಗೊಬ್ಬರದ ಉಪ್ಪು, ಹಳಸಿದ ಮಾಧ್ಯಮ (ಕುಂಡದಲ್ಲಿ ತುಂಬುವ ತೊಗಟೆ, ಇದ್ದಿಲು ಮೊದಲಾದವು) ಯಾವುದನ್ನೂ ಸಹಿಸವು. ಮೊದಲ ಆರ್ಕಿಡ್ ಆಗಿ ತರಬೇಡಿ. ಇದೇ ಗುಂಪಿನ ಕ್ರುಯೆಂಟಂ ಅಂತರರಾಷ್ಟ್ರೀಯ ವನ್ಯಜೀವಿ ವ್ಯಾಪಾರ ಒಪ್ಪಂದವಾದ ಸೈಟಿಸ್‌ನ ಮೊದಲ ಅನುಬಂಧದಲ್ಲಿದೆ. ಡೆಂಡ್ರೋಬಿಯಂನ ಉಳಿದ ಪ್ರಭೇದಗಳು ಎರಡನೆಯದರಲ್ಲಿ.

ಕಿಂಗಿಯಾನಂ ಪೂರ್ವ ಆಸ್ಟ್ರೇಲಿಯಾದ ಬಂಡೆಗಳ ಗಿಡ. ಗೇಣುದ್ದದ, ಬುಡ ದಪ್ಪಗಿದ್ದು ಮೇಲೆ ಸಪೂರವಾಗುವ ಕಾಂಡ, ಗುಲಾಬಿಯ ಪುಟ್ಟ ಹೂವು, ಸುವಾಸನೆ. 5 ಡಿಗ್ರಿಯ ರಾತ್ರಿಗಳನ್ನು ಲೀಲಾಜಾಲವಾಗಿ ತಡೆಯುತ್ತದೆ. ನೊಬೈಲ್‌ಗೂ ಚಳಿ ಹೆಚ್ಚಾಯಿತು ಎನ್ನುವ ಜಾಗಕ್ಕೆ ಇದೇ ಉತ್ತರ. ಚಳಿಗಾಲದಲ್ಲಿ ಬೆಚ್ಚಗೆ ಒದ್ದೆಯಾಗಿಟ್ಟರೆ ಇದೂ ಹೂವಿನ ಬದಲು ಮರಿಗಳನ್ನೇ ಹೆರುತ್ತದೆ.

ಕತ್‌ಬರ್ಟ್‌ಸೋನೈ ನ್ಯೂಗಿನಿಯ ಎತ್ತರದ ಬೆಟ್ಟಗಳ ಕುಬ್ಜ. ಬೆರಳುದ್ದದ ಗಿಡದಲ್ಲಿ ತಿಂಗಳುಗಟ್ಟಲೆ ನಿಲ್ಲುವ ಕೆಂಪು, ಕಿತ್ತಳೆ, ಹಳದಿ ಹೂವು. ಹಗಲು 25 ಡಿಗ್ರಿ ದಾಟದ, ವರ್ಷವಿಡೀ ತೇವವಾಗಿರುವ, ಗಾಳಿಯಾಡುವ ಜಾಗ ಇದ್ದರೆ ಮಾತ್ರ ತನ್ನಿ, ಇಲ್ಲದಿದ್ದರೆ ಬೇಸಗೆಯಲ್ಲಿ ಕಳೆದುಕೊಳ್ಳುತ್ತೀರಿ.

ಕ್ರುಮೆನಾಟಂ ಇದಕ್ಕೆ ತದ್ವಿರುದ್ಧ. ಮೊಗ್ಗು ಮಲಗಿರುತ್ತದೆ, ಜೋರು ಮಳೆ ಬಂದು ಹವೆ ಥಟ್ಟನೆ ಐದಾರು ಡಿಗ್ರಿ ತಂಪಾದರೆ, ಸುಮಾರು ಒಂಬತ್ತು ದಿನಕ್ಕೆ ಊರಿನ ಎಲ್ಲ ಗಿಡಗಳೂ ಒಂದೇ ಬೆಳಗ್ಗೆ ಬಿಳಿಯಾಗುತ್ತವೆ. ಸಂಜೆಗೆ ಬಾಡುತ್ತವೆ. ಬಿಸಿ, ತೇವ, ಮಳೆ ಇರುವ ಜಾಗದ ತೋಟದ ಮರಕ್ಕೆ ಕಟ್ಟಿ ಮರೆತುಬಿಡಬಹುದಾದ ಗಿಡ ಇದು, ಕಿಟಕಿಗಲ್ಲ.

ಕುಂಡ ಮತ್ತು ಮಾಧ್ಯಮ

ಯಾವ ಗುಂಪೇ ಆಗಲಿ, ಕುಂಡ ಚಿಕ್ಕದಿರಬೇಕು. ಮೊಳ ಎತ್ತರದ ಗಿಡಕ್ಕೆ 10ರಿಂದ 12 ಸೆಂ.ಮೀ. ಅಗಲದ ಕುಂಡ ನೋಡಲು ತೀರಾ ಚಿಕ್ಕದಾಗಿ ಕಂಡರೂ ಬೇರಿಗೆ ಅದೇ ಹಿತ. ದೊಡ್ಡ ಕುಂಡದ ನಡುಭಾಗ ಒಣಗುವುದೇ ಇಲ್ಲ, ಕೊಳೆ ಅಲ್ಲಿಂದಲೇ ಶುರು. ಗಿಡ ಮಗುಚಿ ಬೀಳುವುದಾದರೆ ಪ್ಲಾಸ್ಟಿಕ್ ಕುಂಡವನ್ನು ಭಾರದ ಮಣ್ಣಿನ ಕುಂಡದೊಳಗೆ ಇಳಿಸಿಡಿ.

ಮಳೆ ಹೆಚ್ಚು, ಹವೆ ತೇವ ಎಂದಾದರೆ ಇದ್ದಿಲು ಮತ್ತು ಇಟ್ಟಿಗೆ ಚೂರು ಸಮಪ್ರಮಾಣದಲ್ಲಿ, ಪಾಚಿ ಬೇಡ. ಹವೆ ಒಣಗಿದ್ದರೆ ಪೈನ್ ತೊಗಟೆ ಎರಡು ಪಾಲು, ಇದ್ದಿಲು ಒಂದು ಪಾಲು, ಸ್ಫ್ಯಾಗ್ನಮ್ ಪಾಚಿ ಒಂದು ಹಿಡಿ. ತೆಂಗಿನ ಸಿಪ್ಪೆಯ ತುಂಡು ಬಳಸುವುದಾದರೆ ಒಂದು ದಿನ ನೆನೆಸಿ, ನೀರು ಎರಡು ಮೂರು ಬಾರಿ ಬದಲಿಸಿ. ಅದರಲ್ಲಿರುವ ಉಪ್ಪಿಗೆ ಬೇರಿನ ತುದಿ ಸುಟ್ಟು ಕಪ್ಪಾಗುತ್ತದೆ. ಎಲ್ಲ ತುಂಡುಗಳೂ ಒಂದೂವರೆಯಿಂದ ಎರಡೂವರೆ ಸೆಂ.ಮೀ. ಇರಲಿ, ಪುಡಿ ಜರಡಿ ಹಿಡಿದು ತೆಗೆಯಿರಿ.

ಕುಂಡ ಬದಲಿಸಲು ಒಂದೇ ಸಮಯ: ಹೊಸ ಚಿಗುರಿನ ಬುಡದಿಂದ ಬೇರು ಮೊಳೆತು ಒಂದೆರಡು ಸೆಂ.ಮೀ. ಇರುವಾಗ. ಅದಕ್ಕಿಂತ ಮುಂಚೆ ಮಾಡಿದರೆ ಹಳೆಯ ಬೇರು ಹೋಗಿ ಹೊಸದು ಇಲ್ಲದ ಸ್ಥಿತಿ, ತಡಮಾಡಿದರೆ ಹೊಸ ಬೇರು ಮುರಿಯುತ್ತದೆ. ಕಾಂಡದ ಬುಡ ಮಾಧ್ಯಮದ ಮೇಲೆಯೇ ಕೂರಬೇಕು. ಗಿಡ ಅಲುಗಾಡುತ್ತದೆಂದು ಆಳಕ್ಕೆ ಹೂತರೆ ಎಳೆ ಚಿಗುರು ಬುಡದಲ್ಲೇ ಕಪ್ಪಾಗಿ ಕೊಳೆಯುತ್ತದೆ; ಅಲುಗಾಟ ತಡೆಯಲು ಕೋಲು ಕಟ್ಟಿ. ಎಳೆ ಚಿಗುರಿನ ಎಲೆ ಬುಟ್ಟಿಯಂತೆ ನೀರು ಹಿಡಿದುಕೊಳ್ಳುವುದರಿಂದ, ಬೇರು ಐದಾರು ಸೆಂ.ಮೀ. ಆಗುವವರೆಗೆ ನೀರು ಅಂಚಿನಿಂದ ಹಾಕಿ, ಮೇಲಿಂದ ಸುರಿಯಬೇಡಿ.

ಕೊಳ್ಳುವಾಗ ಗಿಡದಲ್ಲಿ ನೋಡಬೇಕಾದ್ದು

ಕಾಂಡಗಳನ್ನು ಹಳೆಯದರಿಂದ ಹೊಸದರವರೆಗೆ ಸಾಲಾಗಿ ನೋಡಿ. ಪ್ರತಿ ಹೊಸ ಕಾಂಡ ಹಿಂದಿನದಕ್ಕಿಂತ ಎತ್ತರ ಅಥವಾ ದಪ್ಪ ಇದ್ದರೆ ಗಿಡ ಏರುಗತಿಯಲ್ಲಿದೆ. ಕೊನೆಯ ಎರಡು ಕಾಂಡ ಕುಗ್ಗಿದ್ದರೆ, ಎಷ್ಟೇ ಹೂ ತುಂಬಿರಲಿ, ಬೇರು ಹೋಗಿದೆ ಎಂದು ತಿಳಿಯಿರಿ. ಎಲೆಯ ಕೆಳಮೈ ತಿರುಗಿಸಿ. ಬೆಳ್ಳಿಯ ಪುಡಿ ಎರಚಿದಂತಿದ್ದರೆ ನುಸಿ ಇದೆ. ಎಲೆ ಕಾಂಡವನ್ನು ತಬ್ಬಿದ ಸಂದಿಯಲ್ಲಿ ಹತ್ತಿಯಂಥ ಬಿಳುಪಿದ್ದರೆ ಹಿಟ್ಟು ತಿಗಣೆ. ಶೇಕಡ 70ರ ಐಸೊಪ್ರೊಪೈಲ್ ಆಲ್ಕೊಹಾಲಿನಲ್ಲಿ ಅದ್ದಿದ ಹತ್ತಿಯಿಂದ ಒರೆಸಬಹುದು, ಆದರೆ ಕಾಂಡದ ಮೇಲಿನ ಒಣ ಪೊರೆಯ ಒಳಗಿರುವವು ತಪ್ಪಿಸಿಕೊಳ್ಳುವುದರಿಂದ ಪೊರೆ ಸುಲಿದು ವಾರಕ್ಕೊಮ್ಮೆಯಂತೆ ಮೂರು ಬಾರಿ ಮಾಡಬೇಕು.

ಮೊಗ್ಗಿರುವ ಗಿಡ ಕೊಂಡರೆ ಮನೆಗೆ ತಂದ ಮೊದಲ ವಾರ ಒಂದೆರಡು ಮೊಗ್ಗು ಹಳದಿಯಾಗಿ ಉದುರುವುದುಂಟು. ಹವೆ ಬದಲಾದದ್ದಕ್ಕೆ ಗಿಡದ ಪ್ರತಿಕ್ರಿಯೆ ಅದು. ಎಲ್ಲವೂ ಉದುರಿದರೆ ಹತ್ತಿರದಲ್ಲಿ ಮಾಗುತ್ತಿರುವ ಹಣ್ಣು ಇದೆಯೇ ನೋಡಿ. ಹಣ್ಣು ಬಿಡುವ ಎಥಿಲೀನ್ ಅನಿಲ ಮೊಗ್ಗಿನ ಶತ್ರು.

ಗಿಡ ಬೇರ್ಪಡಿಸಲು ಬಳಸುವ ಕತ್ತರಿ ಒಂದು ಗಿಡದಿಂದ ಇನ್ನೊಂದಕ್ಕೆ ಹೋಗುವ ಮುಂಚೆ ಅಲಗನ್ನು ಬೆಂಕಿಯಲ್ಲಿ ಕಾಯಿಸಿ. ಆರ್ಕಿಡ್‌ಗಳನ್ನು ಕಾಡುವ ಸಿಂಬಿಡಿಯಂ ಮೊಸಾಯಿಕ್ ವೈರಸ್ ಗಿಡದ ರಸದ ಮೂಲಕ ಹರಡುತ್ತದೆ, ಬಂದರೆ ಮದ್ದಿಲ್ಲ.

ಇನ್ನು ಕಾಡಿನಿಂದ ಕಿತ್ತು ತಂದ ಗಿಡಗಳು. ಅವುಗಳ ಬೇರು ಕುಂಡದ ಆಕಾರದಲ್ಲಿ ಸುತ್ತಿಕೊಂಡಿರುವುದಿಲ್ಲ, ಮೊಟಕಾಗಿ ಹರಿದಿರುತ್ತದೆ. ತೊಗಟೆಯ ಚೂರು, ಕಲ್ಲುಹೂವು ಅಂಟಿಕೊಂಡಿರುತ್ತದೆ. ಎಲೆಗಳಲ್ಲಿ ಹಳೆಯ ಹುಳುಕಡಿತ. ಹತ್ತಾರು ಗಿಡ ಇದ್ದರೂ ಒಂದಕ್ಕೊಂದು ಗಾತ್ರ ಹೊಂದುವುದಿಲ್ಲ. ಪ್ರಭೇದ ಎಷ್ಟೇ ಅಪರೂಪದ್ದಿರಲಿ, ಕೊಳ್ಳಬೇಡಿ. ಬೇರು ಕಳೆದುಕೊಂಡ ಅವುಗಳಲ್ಲಿ ಬಹುಪಾಲು ಒಂದೆರಡು ವರ್ಷದಲ್ಲಿ ಸಾಯುತ್ತವೆ, ಮಾರಿದ ಪ್ರತಿ ಗಿಡವೂ ಇನ್ನೊಂದು ಮರವನ್ನು ಬರಿದು ಮಾಡಿಸುತ್ತದೆ. ಬೀಜದಿಂದ ಪ್ರಯೋಗಾಲಯದಲ್ಲಿ ಬೆಳೆಸಿದ ಸಸಿಯನ್ನು ಕೇಳಿ ಪಡೆಯಿರಿ. ಹೂವಿಗೆ ಮೂರು ನಾಲ್ಕು ವರ್ಷ ಕಾಯಬೇಕಾದರೂ ಅದು ಮೊದಲ ದಿನದಿಂದಲೇ ನಿಮ್ಮ ಜಾಗದ ನೀರಿಗೆ, ಗಾಳಿಗೆ ಹೊಂದಿಕೊಂಡು ಬೆಳೆಯುತ್ತದೆ.